ಶೇಕ್ಸ್‌ಪಿಯರ್ ಸಿನಿಮಾ ಪುಕ್ಕಟೆ ಸಿಗುತ್ತದೆ, ಆದರೆ ಯಾವುದು? ಆನ್‌ಲೈನ್ ಭಂಡಾರದ ಪುಟ ಓದುವ ಬಗೆ

2025ರ ಜನವರಿ 1ರಂದು ಅಮೆರಿಕದಲ್ಲಿ 1929ರ ಸಿನಿಮಾಗಳ ಕಾಪಿರೈಟ್ ಮುಗಿಯಿತು. ಅವುಗಳಲ್ಲಿ ಒಂದು ‘ದಿ ಟೇಮಿಂಗ್ ಆಫ್ ದಿ ಶ್ರೂ’. ಶೇಕ್ಸ್‌ಪಿಯರ್ ನಾಟಕವೊಂದು ಮಾತಿನ ಸಮೇತ ಪೂರ್ಣ ಪ್ರಮಾಣದ ಸಿನಿಮಾ ಆಗಿದ್ದು ಅದೇ ಮೊದಲ ಸಲ. ಅದರಲ್ಲಿ ನಟಿಸಿದ ಮೇರಿ ಪಿಕ್‌ಫರ್ಡ್ ಮತ್ತು ಡಗ್ಲಸ್ ಫೇರ್‌ಬ್ಯಾಂಕ್ಸ್ ಆಗ ನಿಜವಾಗಿಯೂ ಗಂಡ ಹೆಂಡತಿ. ಇಬ್ಬರೂ ನಾಯಕ ನಾಯಕಿಯಾಗಿ ಜೊತೆಗೆ ಕಾಣಿಸಿಕೊಂಡದ್ದು ಇದೊಂದರಲ್ಲೇ.

ಇಂಥ ಸುದ್ದಿ ಬಂದಾಗಲೆಲ್ಲ ಇಂಟರ್ನೆಟ್ ಆರ್ಕೈವ್ ಎಂಬ ಆನ್‌ಲೈನ್ ಭಂಡಾರದ ಲಿಂಕ್‌ಗಳು ಹರಿದಾಡುತ್ತವೆ. ಹ್ಯಾಮ್ಲೆಟ್ ಪಠ್ಯವಾಗಿ ಓದುತ್ತಿರುವವರು, ಪಾಠ ಮಾಡುವವರು, ಹಳೇ ಸಿನಿಮಾದ ಹುಚ್ಚಿರುವವರು ಎಲ್ಲರೂ ಒಂದಲ್ಲ ಒಂದು ದಿನ ಅಲ್ಲಿಗೆ ಹೋಗೇ ಹೋಗುತ್ತಾರೆ. ಹೋದ ಮೇಲೆ ಗೊಂದಲ ಶುರು. ಒಂದು ಹೆಸರು ಹುಡುಕಿದರೆ ಹತ್ತಾರು ವಿಡಿಯೊ ಬರುತ್ತವೆ. ಯಾವುದು ಅಸಲಿ? ನೋಡುವುದು ತಪ್ಪಾ? ಮುಖಗಳು ಯಾಕೆ ಅಡ್ಡಡ್ಡ ಹಿಗ್ಗಿವೆ? ಒಂದರಲ್ಲಿ ಇರುವ ದೃಶ್ಯ ಇನ್ನೊಂದರಲ್ಲಿ ಯಾಕಿಲ್ಲ?

ಈ ಪ್ರಶ್ನೆಗಳಿಗೆ ಬಹುಪಾಲು ಉತ್ತರ ಅದೇ ಪುಟದಲ್ಲಿ ಇರುತ್ತದೆ. ಪ್ಲೇ ಒತ್ತುವ ಮುಂಚೆ ಪುಟ ಓದಬೇಕು, ಅಷ್ಟೇ. ಹೇಗೆ ಓದಬೇಕು, ಅಲ್ಲಿರುವ ಮಾತನ್ನು ಎಷ್ಟು ನಂಬಬೇಕು ಅನ್ನುವುದನ್ನು ಬುಡದಿಂದ ನೋಡೋಣ.

## ಭಂಡಾರ ಅಂದರೆ ಏನು?

ಇಂಟರ್ನೆಟ್ ಆರ್ಕೈವ್ ಅನ್ನುವುದು ಅಮೆರಿಕದ ಸ್ಯಾನ್ ಫ್ರಾನ್ಸಿಸ್ಕೊದಲ್ಲಿರುವ, ಲಾಭಕ್ಕಾಗಿ ನಡೆಯದ ಸಂಸ್ಥೆ. ಬ್ರೂಸ್ಟರ್ ಕೇಲ್ ಎಂಬುವರು 1996ರಲ್ಲಿ ಶುರು ಮಾಡಿದರು. ಮೊದಲು ಅವರ ಗುರಿ ಇದ್ದದ್ದು ವೆಬ್ ಪುಟಗಳ ಮೇಲೆ. ಇವತ್ತು ಇರುವ ಪುಟ ನಾಳೆ ಅಳಿಸಿ ಹೋಗಬಹುದು, ಅದನ್ನು ಉಳಿಸಿಡಬೇಕು ಅಂತ. ಆಮೇಲೆ ಪುಸ್ತಕ, ಧ್ವನಿಮುದ್ರಣ, ಸಿನಿಮಾ ಎಲ್ಲವೂ ಸೇರಿಕೊಂಡವು.

ಇದು ಗ್ರಂಥಾಲಯದ ಹಾಗೆ ಕಂಡರೂ ಒಂದು ದೊಡ್ಡ ವ್ಯತ್ಯಾಸ ಇದೆ. ಗ್ರಂಥಾಲಯದಲ್ಲಿ ಯಾವ ಪುಸ್ತಕ ತರಿಸಬೇಕು ಅಂತ ತೀರ್ಮಾನಿಸಲು ಒಬ್ಬರು ಇರುತ್ತಾರೆ. ಇಲ್ಲಿ ಸಂಸ್ಥೆಯೇ ಸೇರಿಸಿದ ಸಂಗ್ರಹಗಳೂ ಇವೆ, ಉಚಿತ ಖಾತೆ ತೆರೆದ ಯಾರೋ ಒಬ್ಬರು ಅಪ್‌ಲೋಡ್ ಮಾಡಿದ ವಿಡಿಯೊಗಳೂ ಇವೆ. ಎರಡೂ ಒಂದೇ ಹುಡುಕಾಟದಲ್ಲಿ, ಒಂದೇ ವಿನ್ಯಾಸದ ಪುಟದಲ್ಲಿ, ಅಕ್ಕಪಕ್ಕ ಕಾಣುತ್ತವೆ. ಜನ ಹಾಕುವ ಪ್ರತಿ ವಿಡಿಯೊವನ್ನೂ ಮೊದಲೇ ಪರಿಶೀಲಿಸಿ ಒಪ್ಪಿಗೆ ಕೊಡುವ ಪದ್ಧತಿ ಇಲ್ಲ. ಹಕ್ಕುದಾರರು ದೂರು ಕೊಟ್ಟರೆ ತೆಗೆಯುತ್ತಾರೆ. ಕಳೆದ ವಾರ ಇದ್ದ ಸಿನಿಮಾ ಈ ವಾರ ಇಲ್ಲ ಅಂದರೆ ಸಾಮಾನ್ಯವಾಗಿ ಇದೇ ಕಾರಣ.

ಹಾಗಾಗಿ ‘ಅಲ್ಲಿದೆ’ ಅನ್ನುವುದಕ್ಕೂ ‘ಅದು ಎಲ್ಲರ ಸ್ವತ್ತು’ ಅನ್ನುವುದಕ್ಕೂ ಸಂಬಂಧ ಇಲ್ಲ. ಈ ಒಂದು ವಿಷಯ ಮನಸ್ಸಿನಲ್ಲಿ ಇದ್ದರೆ ಉಳಿದದ್ದು ಸುಲಭ.

## ನಾಟಕ ಎಲ್ಲರದು, ಸಿನಿಮಾ ಹಾಗಲ್ಲ

ಶೇಕ್ಸ್‌ಪಿಯರ್ ತೀರಿಕೊಂಡದ್ದು 1616ರಲ್ಲಿ. ಅವರ 36 ನಾಟಕಗಳ ದೊಡ್ಡ ಸಂಪುಟ ಅಚ್ಚಾದದ್ದು 1623ರಲ್ಲಿ. ಆ ಮಾತುಗಳ ಮೇಲೆ ಇವತ್ತು ಯಾರಿಗೂ ಹಕ್ಕಿಲ್ಲ. ಯಾರು ಬೇಕಾದರೂ ಆಡಬಹುದು, ಅಚ್ಚು ಹಾಕಬಹುದು, ಸಿನಿಮಾ ಮಾಡಬಹುದು.

ಆದರೆ ಹಾಗೆ ಮಾಡಿದ ಸಿನಿಮಾ ಹೊಸ ಕೃತಿ. ಊರ ಬಾವಿ ಎಲ್ಲರದು. ಆದರೆ ಒಬ್ಬರು ಹಗ್ಗ ಬಿಟ್ಟು ಸೇದಿ, ಹೊತ್ತು ಮನೆಗೆ ತಂದಿಟ್ಟ ಕೊಡದ ನೀರು ಅವರದು. ನಾಟಕ ಬಾವಿ, ಸಿನಿಮಾ ಕೊಡ.

ಸಿನಿಮಾದಲ್ಲಿ ಹಕ್ಕು ಒಂದೇ ಪದರದಲ್ಲಿ ಇರುವುದಿಲ್ಲ. ಬ್ರಿಟಿಷ್ ನಟ, ನಿರ್ದೇಶಕ ಲಾರೆನ್ಸ್ ಒಲಿವಿಯೆ ಅವರ 1948ರ ‘ಹ್ಯಾಮ್ಲೆಟ್’ ತೆಗೆದುಕೊಳ್ಳಿ. ಮಾತು ಶೇಕ್ಸ್‌ಪಿಯರ್ ಅವರದು, ಅದಕ್ಕೆ ಹಕ್ಕಿಲ್ಲ. ಆದರೆ ಯಾವ ಮಾತು ಉಳಿಸಬೇಕು, ಯಾವುದು ತೆಗೆಯಬೇಕು, ಯಾವುದು ಮೊದಲು ಬರಬೇಕು ಅಂತ ಕೂತು ಮಾಡಿದ ಚಿತ್ರಕಥೆ ಹೊಸದು. ಡೆಸ್ಮಂಡ್ ಡಿಕಿನ್ಸನ್ ಅವರ ಛಾಯಾಗ್ರಹಣ ಹೊಸದು. ವಿಲಿಯಂ ವಾಲ್ಟನ್ ಅವರ ಸಂಗೀತ ಹೊಸದು. ನಾಟಕಕ್ಕೆ ನಾನೂರು ವರ್ಷ ಆಯಿತು ಅಂದಮಾತ್ರಕ್ಕೆ ಇವೆಲ್ಲ ಬಿಟ್ಟಿಯಾಗುವುದಿಲ್ಲ.

ಹಳೇ ಚಿತ್ರವನ್ನು ಯಾರಾದರೂ ರಿಪೇರಿ ಮಾಡಿ ಹೊಸ ಸಂಗೀತ ಕೂರಿಸಿದರೆ ಮೇಲೆ ಇನ್ನೊಂದು ಪದರ ಬರುತ್ತದೆ. 1912ರ ‘ರಿಚರ್ಡ್ 3’ ಮೂಕಿ ಚಿತ್ರ. ಚಿತ್ರದ ಮೇಲೆ ಅಮೆರಿಕದಲ್ಲಿ ಯಾರ ಹಕ್ಕೂ ಇಲ್ಲ. ಆದರೆ ಅದು ಮತ್ತೆ ಸಿಕ್ಕ ಮೇಲೆ ಎನ್ನಿಯೊ ಮೊರಿಕೊನೆ ಅದಕ್ಕೆ ಹೊಸದಾಗಿ ಸಂಗೀತ ಕೊಟ್ಟರು. ಆ ಸಂಗೀತಕ್ಕೆ 1912ರ ಲೆಕ್ಕ ನಡೆಯುವುದಿಲ್ಲ. 1929ರ ‘ಶ್ರೂ’ ಚಿತ್ರದ್ದೂ ಇದೇ ಥರದ ಕಥೆ. 1966ರಲ್ಲಿ ಧ್ವನಿ, ಸಂಗೀತ ಬದಲಿಸಿ ಅದನ್ನು ಮತ್ತೆ ಬಿಡುಗಡೆ ಮಾಡಿದ್ದರು. ಈಗ ಕಾಪಿರೈಟ್ ಮುಗಿದದ್ದು 1929ರ ಚಿತ್ರಕ್ಕೆ. 1966ರಲ್ಲಿ ಹೊಸದಾಗಿ ಸೇರಿಸಿದ್ದನ್ನು ಬೇರೆಯಾಗಿಯೇ ನೋಡಬೇಕು.

## ಯಾವ ದೇಶದ ಲೆಕ್ಕ?

ಹೆಚ್ಚಿನವರು ಎಡವುವುದು ಇಲ್ಲಿ. ಕಾಪಿರೈಟ್ ಎಷ್ಟು ವರ್ಷ ಅನ್ನುವುದು ದೇಶದಿಂದ ದೇಶಕ್ಕೆ ಬೇರೆ.

ಅಮೆರಿಕದಲ್ಲಿ ಹಳೇ ಸಿನಿಮಾಗಳಿಗೆ ಬಿಡುಗಡೆಯಿಂದ ಹೆಚ್ಚೆಂದರೆ 95 ವರ್ಷ. ವರ್ಷದ ಕೊನೆಗೆ ಲೆಕ್ಕ ಮುಗಿಯುತ್ತದೆ. ಅದಕ್ಕೇ ಪ್ರತಿ ಜನವರಿ 1ಕ್ಕೆ ಒಂದು ವರ್ಷದ ಚಿತ್ರಗಳು ಒಟ್ಟಿಗೆ ಎಲ್ಲರ ಸ್ವತ್ತಾಗುತ್ತವೆ. ‘ಹೆಚ್ಚೆಂದರೆ’ ಅಂದದ್ದಕ್ಕೆ ಕಾರಣ ಇದೆ. 1964ಕ್ಕಿಂತ ಮುಂಚಿನ ಅಮೆರಿಕನ್ ಚಿತ್ರಗಳಿಗೆ ಮೊದಲು ಸಿಗುತ್ತಿದ್ದದ್ದು 28 ವರ್ಷ ಮಾತ್ರ. 28ನೇ ವರ್ಷದಲ್ಲಿ ಅರ್ಜಿ ಹಾಕಿ ನವೀಕರಿಸಿಕೊಳ್ಳಬೇಕಿತ್ತು. ಕಂಪನಿ ಮುಚ್ಚಿತ್ತು, ಅಥವಾ ಯಾರೋ ಮರೆತರು ಅಂದರೆ ಅಲ್ಲಿಗೆ ಹಕ್ಕು ಹೋಯಿತು. ಎಷ್ಟೋ ಅಮೆರಿಕನ್ ಸಿನಿಮಾಗಳು ಹೀಗೆ ಬೇಗನೇ ಎಲ್ಲರ ಸ್ವತ್ತಾದವು.

ಆಗ ಹೊರದೇಶದ ಚಿತ್ರಗಳೂ ಇದೇ ರೀತಿ ಹಕ್ಕು ಕಳೆದುಕೊಂಡಿದ್ದವು. 1996ರಲ್ಲಿ ಜಾರಿಗೆ ಬಂದ ಒಂದು ಕಾನೂನು ಅವುಗಳಲ್ಲಿ ಬಹಳಷ್ಟಕ್ಕೆ ಹಕ್ಕನ್ನು ವಾಪಸ್ ಕೊಟ್ಟಿತು. ‘ಈ ಬ್ರಿಟಿಷ್ ಚಿತ್ರ ಪಬ್ಲಿಕ್ ಡೊಮೇನ್’, ಅಂದರೆ ಎಲ್ಲರ ಸ್ವತ್ತು, ಅಂತ ಹಳೇ ವಿಡಿಯೊ ಕ್ಯಾಸೆಟ್‌ಗಳ ಕಾಲದಿಂದ ನಡೆದು ಬಂದ ಮಾತನ್ನು ಈಗ ಸುಮ್ನೆ ಒಪ್ಪಿಕೊಳ್ಳಲಾಗದು. ಕಾರಣ ಈ ಕಾನೂನು.

ಬ್ರಿಟನ್ನಿನ ಲೆಕ್ಕವೇ ಬೇರೆ. ಮುಖ್ಯ ನಿರ್ದೇಶಕ, ಚಿತ್ರಕಥೆ ಬರೆದವರು, ಸಂಭಾಷಣೆ ಬರೆದವರು, ಆ ಚಿತ್ರಕ್ಕೆಂದೇ ಸಂಗೀತ ಮಾಡಿದವರು, ಇಷ್ಟು ಜನರಲ್ಲಿ ಕೊನೆಗೆ ಯಾರು ತೀರಿಕೊಂಡರೋ ಅವರ ಸಾವಿನಿಂದ 70 ವರ್ಷ. ಒಲಿವಿಯೆ ತೀರಿಕೊಂಡದ್ದು 1989ರಲ್ಲಿ. ಅವರೇ ನಿರ್ದೇಶಿಸಿದ ಚಿತ್ರಗಳಿಗೆ ಅಲ್ಲಿ ಇನ್ನೂ ಬಹಳ ವರ್ಷ ಹಕ್ಕು ಉಳಿದಿದೆ.

ಭಾರತದ ಕಾಯಿದೆಯಲ್ಲಿ ಸಿನಿಮಾಗೆ 60 ವರ್ಷ. ಬಿಡುಗಡೆಯಾದ ವರ್ಷದ ಮುಂದಿನ ಜನವರಿಯಿಂದ ಎಣಿಕೆ. ಅಂದರೆ ಒಂದೇ ಚಿತ್ರ ಒಂದು ದೇಶದಲ್ಲಿ ಎಲ್ಲರದು, ಇನ್ನೊಂದರಲ್ಲಿ ಒಬ್ಬರದು ಆಗಿರಬಹುದು. ಭಂಡಾರ ನಡೆಸುವ ಸಂಸ್ಥೆ ಇರುವುದು ಅಮೆರಿಕದಲ್ಲಿ, ಹಾಗಾಗಿ ದೂರು ಬಂದಾಗ ಅವರು ನೋಡುವುದು ಅಲ್ಲಿನ ಕಾನೂನನ್ನು. ನೋಡುವವರಿಗೆ ಲೆಕ್ಕಕ್ಕೆ ಬರುವುದು ತಾವಿರುವ ದೇಶದ ಕಾನೂನು.

ಇಷ್ಟೆಲ್ಲ ತಲೆಕೆಡಿಸಿಕೊಳ್ಳಬೇಕಾ ಅಂದರೆ, ಒಂದು ಸರಳ ಗೆರೆ ಹಾಕಿಕೊಳ್ಳಬಹುದು. ಬಿಡುಗಡೆಯಾದ ವರ್ಷದಿಂದ 95 ವರ್ಷ ಪೂರ್ತಿ ಮುಗಿದ ಚಿತ್ರ ಆದರೆ ಅಮೆರಿಕದ ಮಟ್ಟಿಗೆ ಚಿಂತೆ ಇಲ್ಲ. ಅದರ ನಂತರದ್ದಾದರೆ, ಮುಖ್ಯವಾಗಿ ದೊಡ್ಡ ಸ್ಟುಡಿಯೊ ಚಿತ್ರ ಅಥವಾ ಬ್ರಿಟಿಷ್ ಚಿತ್ರ ಆದರೆ, ಹಕ್ಕು ಇನ್ನೂ ಇರುವ ಸಾಧ್ಯತೆಯೇ ಜಾಸ್ತಿ ಅಂದುಕೊಂಡು ಮುಂದುವರಿಯಿರಿ. ಅಂಥ ಚಿತ್ರವನ್ನು ಹಕ್ಕುದಾರರೇ ಕೊಡುವ ಸ್ಟ್ರೀಮಿಂಗ್‌ನಲ್ಲೋ ಡಿಸ್ಕ್‌ನಲ್ಲೋ ಗ್ರಂಥಾಲಯದಲ್ಲೋ ನೋಡುವುದು ಒಳ್ಳೆಯದು. ಚಿತ್ರದ ಗುಣಮಟ್ಟವೂ ಅಲ್ಲೇ ಚೆನ್ನಾಗಿರುತ್ತದೆ.

## ಒಂದೇ ಹೆಸರು, ಬೇರೆ ಬೇರೆ ಸಿನಿಮಾ

ಈ ಭಾಗ ನನಗೆ ಎಲ್ಲಕ್ಕಿಂತ ಇಷ್ಟ. ‘ಮ್ಯಾಕ್‌ಬೆತ್’ ಅಂತ ಹುಡುಕಿ ಅಮೆರಿಕದ ನಟ, ನಿರ್ದೇಶಕ ಆರ್ಸನ್ ವೆಲ್ಸ್ ಅವರ 1948ರ ಚಿತ್ರ ಸಿಕ್ಕಿತು ಅಂತಿಟ್ಟುಕೊಳ್ಳಿ. ಅದು ಎರಡರಲ್ಲಿ ಯಾವುದು?

ವೆಲ್ಸ್ ಇದನ್ನು ಚಿತ್ರೀಕರಿಸಿದ್ದು ಮೂರೇ ವಾರಗಳ ಆಸುಪಾಸಿನಲ್ಲಿ, ಕಡಿಮೆ ಖರ್ಚಿನ ಕೌಬಾಯ್ ಚಿತ್ರಗಳಿಗೆ ಹೆಸರಾಗಿದ್ದ ರಿಪಬ್ಲಿಕ್ ಪಿಕ್ಚರ್ಸ್ ಸ್ಟುಡಿಯೊದಲ್ಲಿ. ಕಥೆ ಸ್ಕಾಟ್ಲೆಂಡಿನದು, ಆದ್ದರಿಂದ ಪಾತ್ರಗಳು ಸ್ಕಾಟಿಷ್ ಉಚ್ಚಾರದಲ್ಲೇ ಮಾತಾಡಬೇಕು ಅಂತ ಹಠ ಹಿಡಿದರು. ಸಂಭಾಷಣೆಯನ್ನು ಮೊದಲೇ ರೆಕಾರ್ಡ್ ಮಾಡಿ, ಆಮೇಲೆ ನಟರು ಅದಕ್ಕೆ ತುಟಿ ಕೂಡಿಸಿದರು. ಚಿತ್ರ ಸುಮಾರು 107 ನಿಮಿಷ ಇತ್ತು. ಬಿಡುಗಡೆಯಾದಾಗ ಜನರಿಗೂ ವಿಮರ್ಶಕರಿಗೂ ಆ ಉಚ್ಚಾರ ಹಿಡಿಸಲಿಲ್ಲ. ಸ್ಟುಡಿಯೊ ಚಿತ್ರವನ್ನು ವಾಪಸ್ ತೆಗೆದುಕೊಂಡಿತು. ಸುಮಾರು 20 ನಿಮಿಷ ಕತ್ತರಿಸಿ, ಮಾತನ್ನು ಸಾದಾ ಉಚ್ಚಾರದಲ್ಲಿ ಮತ್ತೆ ಡಬ್ ಮಾಡಿಸಿ 1950ರಲ್ಲಿ ಬಿಟ್ಟಿತು. ಮುಂದೆ ಮೂವತ್ತು ವರ್ಷ ಜನ ನೋಡಿದ್ದು ಈ ಮೋಟು ಆವೃತ್ತಿಯನ್ನೇ. 1980ರಲ್ಲಿ ಮೂಲ ಉದ್ದ, ಮೂಲ ಧ್ವನಿ ಎರಡನ್ನೂ ಮತ್ತೆ ಜೋಡಿಸಲಾಯಿತು.

ಹಾಗಾಗಿ ವೀಡಿಯೊದ ಉದ್ದ 85 ನಿಮಿಷದ ಹತ್ತಿರ ಇದ್ದರೆ ಅದು ಸ್ಟುಡಿಯೊ ಕತ್ತರಿಸಿದ್ದು. 107ರ ಹತ್ತಿರ ಇದ್ದರೆ ವೆಲ್ಸ್ ಮಾಡಿದ್ದು. ಶೀರ್ಷಿಕೆ, ಪೋಸ್ಟರ್, ವಿವರಣೆ ಎಲ್ಲ ಒಂದೇ ಥರ ಇರಬಹುದು. ನಿಮಿಷದ ಲೆಕ್ಕ ಮಾತ್ರ ಅಷ್ಟು ಸುಲಭವಾಗಿ ಮುಚ್ಚಿಡಲು ಆಗದು.

ವೆಲ್ಸ್ ಅವರ ‘ಒಥೆಲೊ’ ಇನ್ನೂ ತೊಡಕು. ದುಡ್ಡು ಖಾಲಿಯಾದಾಗ ನಿಲ್ಲಿಸಿ, ಸಿಕ್ಕಾಗ ಮುಂದುವರಿಸಿ, ಮೂರು ವರ್ಷ ಚಿತ್ರೀಕರಣ ನಡೆಯಿತು. ಮೊರಾಕ್ಕೊದಲ್ಲಿ ವೇಷಭೂಷಣ ಸಮಯಕ್ಕೆ ಬರದೇ ಇದ್ದಾಗ ಒಂದು ಕೊಲೆಯ ದೃಶ್ಯವನ್ನು ಸ್ನಾನದ ಮನೆಗೆ ಬದಲಾಯಿಸಿದರು. ಅಲ್ಲಿ ಟವೆಲ್ ಸಾಕಲ್ಲ. ಆವಿ ತುಂಬಿದ ಆ ದೃಶ್ಯ ಇವತ್ತಿಗೂ ಚಿತ್ರದ ಅತಿ ಹೆಸರಾದ ಭಾಗಗಳಲ್ಲಿ ಒಂದು. 1952ರ ಕಾನ್ ಚಿತ್ರೋತ್ಸವದಲ್ಲಿ ಇದಕ್ಕೆ ಅತ್ಯುನ್ನತ ಪ್ರಶಸ್ತಿ ಬಂತು. ಯುರೋಪಿನಲ್ಲಿ ಬಂದ ಆವೃತ್ತಿ ಒಂದು, 1955ರಲ್ಲಿ ಅಮೆರಿಕಕ್ಕೆ ಹೋದದ್ದು ಇನ್ನೊಂದು, 1992ರಲ್ಲಿ ಧ್ವನಿಯನ್ನು ಹೊಸದಾಗಿ ಸರಿಪಡಿಸಿ ಬಿಟ್ಟದ್ದು ಮತ್ತೊಂದು. ಮೂರೂ ‘ಒಥೆಲೊ’ ಅಂತಲೇ ಸಿಗುತ್ತವೆ.

ನಿಮಿಷ ನೋಡುವಾಗ ಇನ್ನೊಂದು ಸೂಕ್ಷ್ಮ ಇದೆ. ಸಿನಿಮಾ ಸೆಕೆಂಡಿಗೆ 24 ಚಿತ್ರಗಳ ವೇಗದಲ್ಲಿ ಓಡುತ್ತದೆ. ಯುರೋಪಿನ ಹಳೇ ಟಿವಿ ಪದ್ಧತಿಯಲ್ಲಿ ಅದು 25. ಹೊಂದಿಸುವುದಕ್ಕೆ ಸಿನಿಮಾವನ್ನೇ ನೂರಕ್ಕೆ ನಾಲ್ಕರಷ್ಟು ವೇಗವಾಗಿ ಓಡಿಸುತ್ತಿದ್ದರು. ಹೀಗೆ ಟಿವಿಯಿಂದಲೋ ಅಲ್ಲಿನ ಡಿವಿಡಿಯಿಂದಲೋ ತೆಗೆದ ಪ್ರತಿ ಆದರೆ, 155 ನಿಮಿಷದ ‘ಹ್ಯಾಮ್ಲೆಟ್’ 149 ನಿಮಿಷಕ್ಕೆ ಮುಗಿಯುತ್ತದೆ. ಏನೂ ಕತ್ತರಿಸಿರುವುದಿಲ್ಲ. ಧ್ವನಿ ಮಾತ್ರ ಒಂಚೂರು ತೆಳ್ಳಗೆ, ಮೇಲಿನ ಸ್ಥಾಯಿಯಲ್ಲಿ ಕೇಳುತ್ತದೆ. ಐದಾರು ನಿಮಿಷದ ವ್ಯತ್ಯಾಸ ಕಂಡರೆ ಮೊದಲು ಇದನ್ನು ನೆನಪಿಸಿಕೊಳ್ಳಿ. ಇಪ್ಪತ್ತು ನಿಮಿಷದ ವ್ಯತ್ಯಾಸ ಆದರೆ ಕತ್ತರಿ ಬಿದ್ದಿದೆ ಅಂತಲೇ ಅರ್ಥ.

## ಪುಟದಲ್ಲಿ ಏನೇನು ನೋಡಬೇಕು

ಮೇಲೆ ಪ್ಲೇಯರ್, ಕೆಳಗೆ ಶೀರ್ಷಿಕೆ ಮತ್ತು ವಿವರಣೆ, ಬದಿಯಲ್ಲಿ ಡೌನ್‌ಲೋಡ್ ಪಟ್ಟಿ. ಪುಟದ ಸ್ವರೂಪ ಇಷ್ಟೇ.

ಶೀರ್ಷಿಕೆಯಲ್ಲಿ ವರ್ಷ ಇದೆಯಾ ನೋಡಿ. ಇಲ್ಲದಿದ್ದರೆ ನಟರ ಹೆಸರು ಹುಡುಕಿ. ಹ್ಯಾಮ್ಲೆಟ್ ಚಿತ್ರಗಳು ಹತ್ತಾರು ಇರುವಾಗ ನಾಟಕದ ಹೆಸರು ಮಾತ್ರ ಏನನ್ನೂ ಹೇಳುವುದಿಲ್ಲ. ದಿನಾಂಕ ಎರಡು ಇರುತ್ತವೆ. ಒಂದು ಚಿತ್ರ ಬಂದ ದಿನಾಂಕ, ಇನ್ನೊಂದು ಅದನ್ನು ಭಂಡಾರಕ್ಕೆ ಹಾಕಿದ ದಿನಾಂಕ. ಇವೆರಡನ್ನು ಅದಲು ಬದಲು ಮಾಡಿಕೊಳ್ಳಬೇಡಿ.

‘ಬಳಕೆಯ ಹಕ್ಕು’ ಅನ್ನುವ ಜಾಗದಲ್ಲಿ ಪಬ್ಲಿಕ್ ಡೊಮೇನ್ ಅಂತ ಬರೆದಿದ್ದರೆ ಅದನ್ನು ತುಂಬಿದ್ದು ಯಾರು ಅಂತ ಕೇಳಿಕೊಳ್ಳಿ. ಸಾಮಾನ್ಯವಾಗಿ ಅಪ್‌ಲೋಡ್ ಮಾಡಿದವರೇ ತುಂಬಿರುತ್ತಾರೆ. ಅವರಿಗೆ ಸರಿಯಾಗಿ ಗೊತ್ತಿರಬಹುದು, ಗೊತ್ತಿಲ್ಲದೇನೂ ಇರಬಹುದು. ಅದು ತೀರ್ಪಲ್ಲ, ಒಬ್ಬರ ಹೇಳಿಕೆ. ಚಿತ್ರ ಯಾವ ಸಂಗ್ರಹಕ್ಕೆ ಸೇರಿದೆ ಅನ್ನುವುದೂ ಪುಟದಲ್ಲೇ ಇರುತ್ತದೆ. ಒಂದು ಗ್ರಂಥಾಲಯವೋ ವಸ್ತುಸಂಗ್ರಹಾಲಯವೋ ನೋಡಿಕೊಳ್ಳುವ ಸಂಗ್ರಹ ಆದರೆ ಅಲ್ಲಿನ ಮಾಹಿತಿಗೆ ತೂಕ ಜಾಸ್ತಿ.

ಕೆಳಗಿನ ಅಭಿಪ್ರಾಯಗಳನ್ನು ತಪ್ಪದೇ ಓದಿ. ‘ಕೊನೆಯ ಹತ್ತು ನಿಮಿಷ ಇಲ್ಲ’, ‘ಧ್ವನಿ ಹಿಂದೆ ಬೀಳುತ್ತದೆ’, ‘ಇದು 1950ರ ಆವೃತ್ತಿ’ ಅನ್ನುವಂಥ ಮಾತು ಅಲ್ಲೇ ಸಿಗುವುದು. ಹಳೇ ಸಿನಿಮಾ ಪ್ರೀತಿಸುವವರು ಇಂಥ ವಿಷಯದಲ್ಲಿ ತುಂಬಾ ಕಾಳಜಿಯಿಂದ ಬರೆಯುತ್ತಾರೆ.

ಇನ್ನು ಡೌನ್‌ಲೋಡ್ ಪಟ್ಟಿ. ಒಂದೇ ಸಿನಿಮಾ ನಾಲ್ಕೈದು ರೂಪದಲ್ಲಿ ಯಾಕಿದೆ ಅಂತ ಗೊಂದಲ ಆಗಬಹುದು. ಯಾರಾದರೂ ಒಂದು ಫೈಲ್ ಹಾಕಿದ ತಕ್ಷಣ ಭಂಡಾರದ ವ್ಯವಸ್ಥೆ ಅದರಿಂದ ಚಿಕ್ಕ ಚಿಕ್ಕ ಪ್ರತಿಗಳನ್ನು ತಾನೇ ತಯಾರಿಸುತ್ತದೆ. ಬ್ರೌಸರ್‌ನಲ್ಲಿ ಓಡುವುದು ಸಾಮಾನ್ಯವಾಗಿ ಇಂಥ ಚಿಕ್ಕ ಪ್ರತಿ. ಮೂಲ ಫೈಲ್ ಹಾಗೇ ಉಳಿದಿರುತ್ತದೆ. ‘ಎಲ್ಲವನ್ನೂ ತೋರಿಸು’ ಅನ್ನುವುದನ್ನು ಒತ್ತಿದರೆ ಪ್ರತಿ ಫೈಲಿನ ಗಾತ್ರ ಕಾಣುತ್ತದೆ. ಎಲ್ಲಕ್ಕಿಂತ ದೊಡ್ಡದು ಹೆಚ್ಚಾಗಿ ಮೂಲ. ಬ್ರೌಸರ್‌ನಲ್ಲಿ ಮಸುಕಾಗಿ ಕಂಡ ಚಿತ್ರ ಮೂಲ ಫೈಲಿನಲ್ಲಿ ಎಷ್ಟೋ ಚೊಕ್ಕಟವಾಗಿ ಇರುವುದುಂಟು. ಕಾಪಿರೈಟ್ ಮುಗಿದ ಚಿತ್ರ ಆದರೆ ಅದನ್ನೇ ಇಳಿಸಿಕೊಳ್ಳಿ.

ನೋಡುವುದಕ್ಕೆ ಖಾತೆ ಬೇಡ. ತೆರೆಯುವುದಾದರೆ ಬೇರೆಲ್ಲೂ ಬಳಸದ ಪಾಸ್‌ವರ್ಡ್ ಇಡಿ. 2024ರ ಅಕ್ಟೋಬರ್‌ನಲ್ಲಿ ಆ ತಾಣದ ಮೇಲೆ ಸೈಬರ್ ದಾಳಿ ಆಗಿ, ಸುಮಾರು 3 ಕೋಟಿ 10 ಲಕ್ಷ ಖಾತೆಗಳ ವಿವರ ಸೋರಿತ್ತು. ಕೆಲವು ದಿನ ತಾಣವೇ ಬಂದಾಗಿತ್ತು.

## ಚಿತ್ರ ಯಾಕೆ ಹೀಗೆ ಕಾಣುತ್ತದೆ?

1950ರ ದಶಕದ ಮೊದಲವರೆಗೆ ಸಿನಿಮಾ ಪರದೆ ಹೆಚ್ಚೂಕಡಿಮೆ ಚೌಕ. ಅಗಲ ಎತ್ತರಕ್ಕಿಂತ ಸ್ವಲ್ಪವೇ ಜಾಸ್ತಿ. ಇವತ್ತಿನ ಟಿವಿ, ಲ್ಯಾಪ್‌ಟಾಪ್ ಅಗಲ. ಹಳೇ ಚಿತ್ರವನ್ನು ಸರಿಯಾಗಿ ಹಾಕಿದರೆ ಎರಡೂ ಬದಿ ಕಪ್ಪು ಪಟ್ಟಿ ಉಳಿಯಬೇಕು. ಪಟ್ಟಿ ಇರಬಾರದು ಅಂತ ಕೆಲವರು ಚಿತ್ರವನ್ನು ಎಳೆದು ಹಿಗ್ಗಿಸುತ್ತಾರೆ. ಆಗ ನಟರೆಲ್ಲ ದಪ್ಪಗೆ, ಕುಳ್ಳಗೆ ಕಾಣುತ್ತಾರೆ. ಇನ್ನು ಕೆಲವರು ಮೇಲೆ ಕೆಳಗೆ ಕತ್ತರಿಸುತ್ತಾರೆ. ಒಲಿವಿಯೆ ಅವರ ‘ಹ್ಯಾಮ್ಲೆಟ್’ನಂಥ ಚಿತ್ರದಲ್ಲಿ ಇದು ದೊಡ್ಡ ನಷ್ಟ. ಅಲ್ಲಿ ಕ್ಯಾಮೆರಾ ಕೋಟೆಯ ಮೆಟ್ಟಿಲು, ಕಮಾನು, ಉದ್ದನೆ ಪಡಸಾಲೆಗಳಲ್ಲಿ ತಿರುಗುತ್ತದೆ. ಹತ್ತಿರ ಇರುವವರೂ ದೂರ ಇರುವವರೂ ಒಟ್ಟಿಗೆ ಸ್ಪಷ್ಟವಾಗಿ ಕಾಣಬೇಕು ಅಂತಲೇ ಹಾಗೆ ಚಿತ್ರೀಕರಿಸಿದ್ದು. ಅಂಚು ಕತ್ತರಿಸಿದರೆ ಆ ಆಳವೇ ಹೋಗಿಬಿಡುತ್ತದೆ.

ಚಿತ್ರದ ಅಡಿಯಲ್ಲಿ ಒಂದು ಪಟ್ಟಿ ಅಲುಗಾಡುತ್ತಿದ್ದರೆ ಅದು ವಿಡಿಯೊ ಕ್ಯಾಸೆಟ್‌ನಿಂದ ತೆಗೆದದ್ದು. ಯಾರಾದರೂ ಕೈ ಬೀಸಿದಾಗ ಬಾಚಣಿಗೆ ಹಲ್ಲಿನ ಥರ ಗೆರೆ ಕಂಡರೆ ಅದು ಹಳೇ ಟಿವಿ ಪದ್ಧತಿಯ ಪ್ರತಿ. ವಿಎಲ್‌ಸಿಯಂಥ ಪ್ಲೇಯರ್‌ನಲ್ಲಿ ‘ಡಿಇಂಟರ್‌ಲೇಸ್’ ಆನ್ ಮಾಡಿದರೆ ಈ ಗೆರೆಗಳು ಬಹಳಷ್ಟು ಕಡಿಮೆಯಾಗುತ್ತವೆ. ಹಿಗ್ಗಿದ ಚಿತ್ರವನ್ನು ಸರಿಪಡಿಸಲೂ ಅಲ್ಲೇ ಅನುಪಾತ ಬದಲಿಸುವ ಸೌಲಭ್ಯ ಇದೆ. 4:3 ಆರಿಸಿದರೆ ಸಾಕು.

ಮೂಕಿ ಚಿತ್ರಗಳಲ್ಲಿ ಜನ ದಡಬಡ ಓಡಾಡುವ ಹಾಗೆ ಕಾಣುವುದಕ್ಕೆ ಕಾರಣ ಬೇರೆ. ಆಗ ಕ್ಯಾಮೆರಾವನ್ನು ಕೈಯಿಂದ ತಿರುಗಿಸುತ್ತಿದ್ದರು. ಸೆಕೆಂಡಿಗೆ ಹದಿನಾರು, ಹದಿನೆಂಟು ಚಿತ್ರ ಇರುತ್ತಿತ್ತು. ಅದನ್ನು ಇವತ್ತಿನ 24ರ ವೇಗದಲ್ಲಿ ಓಡಿಸಿದರೆ ರಾಜನ ಸಾವೂ ನಗೆಪಾಟಲಾಗುತ್ತದೆ. ಒಳ್ಳೆಯ ಪ್ರತಿಯಲ್ಲಿ ವೇಗ ಸರಿಪಡಿಸಿರುತ್ತಾರೆ. ಇಲ್ಲದಿದ್ದರೆ ಪ್ಲೇಯರ್‌ನಲ್ಲಿ ವೇಗವನ್ನು 0.75ಕ್ಕೆ ಇಳಿಸಿ ನೋಡಿ. ನಡಿಗೆ ಮನುಷ್ಯರ ನಡಿಗೆ ಆಗುತ್ತದೆ.

## ಮಾತು ಅರ್ಥವಾಗದಿದ್ದರೆ

ನಾನೂರು ವರ್ಷದ ಹಿಂದಿನ ಇಂಗ್ಲಿಷ್, ಅದರ ಮೇಲೆ ಎಪ್ಪತ್ತೆಂಬತ್ತು ವರ್ಷದ ಹಿಂದಿನ ಧ್ವನಿಮುದ್ರಣ. ಕಷ್ಟ ಆಗುವುದು ಸಹಜ. ಇಂಗ್ಲಿಷ್ ಮಾತೃಭಾಷೆ ಆದವರಿಗೂ ಕಷ್ಟವೇ.

ಮೊದಲು ಕಥೆ ಓದಿಕೊಂಡು ಕೂರಿ. ಈ ನಾಟಕಗಳಲ್ಲಿ ಕೊನೆ ಏನಾಗುತ್ತದೆ ಅಂತ ಗೊತ್ತಿದ್ದರೆ ಸ್ವಾರಸ್ಯ ಕೆಡುವುದಿಲ್ಲ. ಎಲ್ಲರಿಗೂ ಗೊತ್ತಿರುವ ಕಥೆಯನ್ನು ಇವರು ಹೇಗೆ ಕಟ್ಟಿದ್ದಾರೆ ಅನ್ನುವುದೇ ನೋಡಬೇಕಾದದ್ದು. ಅಮೆರಿಕದ ಫೋಲ್ಜರ್ ಶೇಕ್ಸ್‌ಪಿಯರ್ ಗ್ರಂಥಾಲಯ ಎಲ್ಲ ನಾಟಕಗಳ ಪಠ್ಯವನ್ನು ಸಾಲಿನ ಸಂಖ್ಯೆ ಸಮೇತ ತನ್ನ ತಾಣದಲ್ಲಿ ಉಚಿತವಾಗಿ ಇಟ್ಟಿದೆ. ಒಂದು ಕಡೆ ಚಿತ್ರ, ಇನ್ನೊಂದು ಕಡೆ ಪಠ್ಯ ಇಟ್ಟುಕೊಳ್ಳಬಹುದು.

ಆದರೆ ಪಠ್ಯದ ಪ್ರತಿ ಸಾಲೂ ಚಿತ್ರದಲ್ಲಿ ಇರುತ್ತದೆ ಅಂದುಕೊಳ್ಳಬೇಡಿ. ‘ಹ್ಯಾಮ್ಲೆಟ್’ ನಾಟಕವನ್ನು ಪೂರ್ತಿ ಆಡಿದರೆ ನಾಲ್ಕು ಗಂಟೆ. ಕೆನೆತ್ ಬ್ರಾನಾ 1996ರಲ್ಲಿ ಪೂರ್ತಿ ಪಠ್ಯ ಇಟ್ಟುಕೊಂಡು ಚಿತ್ರ ಮಾಡಿದಾಗ 242 ನಿಮಿಷ ಆಯಿತು. ಒಲಿವಿಯೆ ಎರಡೂವರೆ ಗಂಟೆಗೆ ಇಳಿಸಿದರು. ಹ್ಯಾಮ್ಲೆಟ್‌ನ ಹಳೇ ಗೆಳೆಯರಾದ ರೋಸೆನ್‌ಕ್ರಾಂಟ್ಸ್, ಗಿಲ್ಡನ್‌ಸ್ಟರ್ನ್ ಇಬ್ಬರನ್ನೂ ಪೂರ್ತಿ ತೆಗೆದುಹಾಕಿದರು. ಕೊನೆಗೆ ಬಂದು ರಾಜ್ಯ ಹಿಡಿಯುವ ಫೋರ್ಟಿನ್‌ಬ್ರಾಸ್ ಕೂಡ ಇಲ್ಲ. ಅವನೊಂದಿಗೆ ನಾಟಕದ ರಾಜಕೀಯವೂ ಹೋಯಿತು, ಉಳಿದದ್ದು ಒಂದು ಮನೆಯೊಳಗಿನ ಸಂಕಟ. ಪರೀಕ್ಷೆಗೆ ಓದುವವರು ಈ ಚಿತ್ರವನ್ನೇ ನಾಟಕ ಅಂತ ನಂಬಿ ಉತ್ತರ ಬರೆದರೆ ತೊಂದರೆ ಆಗುತ್ತದೆ.

ಹಾಗಂತ ಇದು ಕಡಿಮೆ ಚಿತ್ರ ಅಲ್ಲ. ಅತ್ಯುತ್ತಮ ಚಿತ್ರದ ಆಸ್ಕರ್ ಗೆದ್ದ ಅಮೆರಿಕದ ಹೊರಗಿನ ಮೊದಲ ಸಿನಿಮಾ ಇದೇ. ಒಲಿವಿಯೆಗೆ ಅತ್ಯುತ್ತಮ ನಟ ಪ್ರಶಸ್ತಿಯೂ ಬಂತು. ‘ಇರುವುದೋ ಇಲ್ಲವಾಗುವುದೋ’ ಅನ್ನುವ ಪ್ರಸಿದ್ಧ ಸ್ವಗತವನ್ನು ಗಮನಿಸಿ. ರಂಗದ ಮೇಲೆ ನಟ ಅದನ್ನು ಪ್ರೇಕ್ಷಕರಿಗೆ ಕೇಳುವ ಹಾಗೆ ಗಟ್ಟಿಯಾಗಿ ಹೇಳಬೇಕು. ಇಲ್ಲಿ ಹ್ಯಾಮ್ಲೆಟ್ ಕಡಲಿನ ಮೇಲಿನ ಕಡಿದಾದ ಜಾಗದಲ್ಲಿ ಕೂತಿರುತ್ತಾನೆ. ಕೆಲವು ಸಾಲು ತುಟಿಯಿಂದ ಬರುತ್ತವೆ, ಕೆಲವು ತುಟಿ ಅಲುಗದೇ ತಲೆಯೊಳಗಿನ ಮಾತಾಗಿ ಕೇಳುತ್ತವೆ. ಯೋಚನೆ ಎಲ್ಲಿ ಮಾತಾಗುತ್ತದೆ ಅನ್ನುವುದನ್ನು ಹೀಗೆ ತೋರಿಸುವುದು ಸಿನಿಮಾಗೆ ಮಾತ್ರ ಸಾಧ್ಯ.

ಸಬ್‌ಟೈಟಲ್ ಬೇಕಾದರೆ ಡೌನ್‌ಲೋಡ್ ಪಟ್ಟಿಯಲ್ಲಿ ಎಸ್‌ಆರ್‌ಟಿ ಫೈಲ್ ಇದೆಯಾ ನೋಡಿ. ಅದನ್ನು ಸಿನಿಮಾ ಫೈಲಿನ ಹೆಸರಲ್ಲೇ, ಅದೇ ಫೋಲ್ಡರ್‌ನಲ್ಲಿ ಇಟ್ಟರೆ ವಿಎಲ್‌ಸಿ ತಾನಾಗಿ ಎತ್ತಿಕೊಳ್ಳುತ್ತದೆ. ಸಾಲು ಮುಂದೆ ಹಿಂದೆ ಆಗುತ್ತಿದ್ದರೆ ನಿಮ್ಮ ಪ್ರತಿಗೂ ಸಬ್‌ಟೈಟಲ್‌ಗೂ ವೇಗ ಅಥವಾ ಆವೃತ್ತಿ ಹೊಂದುತ್ತಿಲ್ಲ ಅಂತ ತಿಳಿಯಿರಿ.

## ಎಲ್ಲಿಂದ ಶುರು ಮಾಡಬಹುದು

ಈಗ ಉಳಿದಿರುವ ಅತಿ ಹಳೇ ಶೇಕ್ಸ್‌ಪಿಯರ್ ಚಿತ್ರ 1899ರ ‘ಕಿಂಗ್ ಜಾನ್’. ಲಂಡನ್ನಿನ ನಟ ಹರ್ಬರ್ಟ್ ಬೀರ್‌ಬೋಮ್ ಟ್ರೀ ತಮ್ಮ ರಂಗಪ್ರಯೋಗದ ಕೆಲವು ದೃಶ್ಯಗಳನ್ನು ಕ್ಯಾಮೆರಾ ಮುಂದೆ ಆಡಿದ್ದರು. ಒಂದೇ ಉಳಿದಿದೆ. ವಿಷ ಏರಿದ ರಾಜ ಕುರ್ಚಿಯಲ್ಲಿ ಒದ್ದಾಡಿ ಸಾಯುವ ಒಂದೆರಡು ನಿಮಿಷ. ಮಾತಿನ ದೊರೆಯ ನಾಟಕ ಮಾತೇ ಇಲ್ಲದ ಮಾಧ್ಯಮಕ್ಕೆ ಹೇಗೆ ಕಾಲಿಟ್ಟಿತು ಅಂತ ತಿಳಿಯಲು ಅಷ್ಟು ಸಾಕು.

ಆಮೇಲೆ 1912ರ ‘ರಿಚರ್ಡ್ 3’. ಐದು ರೀಲು, 55 ನಿಮಿಷ. ಕಳೆದೇ ಹೋಯಿತು ಅಂದುಕೊಂಡಿದ್ದ ಈ ಚಿತ್ರದ ಪ್ರಿಂಟ್ ಅನ್ನು ಒಬ್ಬ ಹಳೇ ಪ್ರೊಜೆಕ್ಟರ್ ಆಪರೇಟರ್ ದಶಕಗಳ ಕಾಲ ಜೋಪಾನ ಮಾಡಿ 1996ರಲ್ಲಿ ಅಮೆರಿಕನ್ ಫಿಲ್ಮ್ ಇನ್‌ಸ್ಟಿಟ್ಯೂಟ್‌ಗೆ ಕೊಟ್ಟರು. ಆಗಿನ ಫಿಲ್ಮು ನೈಟ್ರೇಟ್, ಬೆಂಕಿ ಹತ್ತಿದರೆ ಆರಿಸಲಾಗದ ವಸ್ತು. ಅದು ಉಳಿದು ಬಂದದ್ದು ಆ ಒಬ್ಬರ ಶ್ರದ್ಧೆಯಿಂದ. ಉಳಿದಿರುವ ಅಮೆರಿಕದ ಪೂರ್ಣ ಉದ್ದದ ಚಿತ್ರಗಳಲ್ಲಿ ಇದೇ ಅತಿ ಹಳೆಯದು ಅನ್ನುತ್ತಾರೆ. ಮೊದಲಿಗೆ ನಾಯಕ ನಟ ಫ್ರೆಡ್ರಿಕ್ ವಾರ್ಡ್ ಸಾದಾ ಬಟ್ಟೆಯಲ್ಲಿ ಬಂದು ಪ್ರೇಕ್ಷಕರಿಗೆ ತಲೆಬಾಗುವುದನ್ನು ನೋಡಿ. ಸಿನಿಮಾ ಇನ್ನೂ ರಂಗಭೂಮಿಯ ಶಿಷ್ಟಾಚಾರ ಬಿಟ್ಟಿರಲಿಲ್ಲ.

1921ರ ಜರ್ಮನ್ ‘ಹ್ಯಾಮ್ಲೆಟ್’ ಧೈರ್ಯದ ಚಿತ್ರ. ಡೆನ್ಮಾರ್ಕಿನ ನಟಿ ಆಸ್ಟಾ ನೀಲ್ಸೆನ್ ಇಲ್ಲಿ ಹ್ಯಾಮ್ಲೆಟ್. ರಾಜ ಯುದ್ಧದಲ್ಲಿ ಸತ್ತ ಅಂತ ಸುದ್ದಿ ಬಂದಾಗ ಹುಟ್ಟಿದ ಹೆಣ್ಣುಮಗುವನ್ನು, ಸಿಂಹಾಸನ ಉಳಿಸಿಕೊಳ್ಳಲು ಗಂಡು ಅಂತ ಸಾರಿ ಬೆಳೆಸುತ್ತಾರೆ. ಆ ಗುಟ್ಟು ಗೆಳೆಯ ಹೊರೇಷಿಯೊಗೆ ತಿಳಿಯುವುದು ಸಾವಿನ ನಂತರ. ಈ ಒಂದು ಬದಲಾವಣೆಯಿಂದ ಹ್ಯಾಮ್ಲೆಟ್‌ನ ಹಿಂಜರಿಕೆಗೆ, ಒಫೀಲಿಯಾಳ ಜೊತೆಗಿನ ಕಷ್ಟಕ್ಕೆ ಬೇರೆಯೇ ಅರ್ಥ ಬರುತ್ತದೆ. ಮಾತು ಕೇಳದಿದ್ದರೂ ನೀಲ್ಸೆನ್ ಅವರ ಮುಖ ಎಲ್ಲವನ್ನೂ ಹೇಳುತ್ತದೆ.

ಅದಾದ ಮೇಲೆ 1929ರ ‘ಶ್ರೂ’. ಒಂದು ಗಂಟೆ ಚಿಲ್ಲರೆ ಅಷ್ಟೇ. ಹಟಮಾರಿ ಹೆಂಡತಿಯನ್ನು ಪಳಗಿಸುವ ಕಥೆ ಇವತ್ತು ಇರುಸುಮುರುಸು ತರುತ್ತದೆ. ಆದರೆ ಈ ಚಿತ್ರದಲ್ಲಿ ಗಂಡ ತನ್ನ ಉಪಾಯವನ್ನೆಲ್ಲ ನಾಯಿಯ ಮುಂದೆ ಹೇಳಿಕೊಳ್ಳುವಾಗ ಕ್ಯಾಥರೀನ್ ಮರೆಯಲ್ಲಿ ನಿಂತು ಕೇಳಿಸಿಕೊಳ್ಳುತ್ತಾಳೆ. ಅಲ್ಲಿಂದ ಮುಂದೆ ಆಟ ಯಾರ ಕೈಯಲ್ಲಿದೆ ಅನ್ನುವುದೇ ಬದಲಾಗುತ್ತದೆ. ಕೊನೆಯಲ್ಲಿ ‘ಗಂಡನ ಮಾತು ಕೇಳಬೇಕು’ ಅಂತ ದೊಡ್ಡ ಭಾಷಣ ಮಾಡುತ್ತಾ ತಂಗಿಯ ಕಡೆ ತಿರುಗಿ ಒಂದು ಕಣ್ಣು ಮಿಟುಕಿಸುತ್ತಾಳೆ. ಶೇಕ್ಸ್‌ಪಿಯರ್ ಪಠ್ಯದಲ್ಲಿ ಆ ಕಣ್ಸನ್ನೆ ಇಲ್ಲ. ಭಾಷಣದ ಒಂದು ಪದವನ್ನೂ ವಿರೋಧಿಸದೇ ಅರ್ಥವನ್ನು ತಲೆಕೆಳಗು ಮಾಡುವ ಆ ಅರೆಕ್ಷಣಕ್ಕಾಗಿಯೇ ಈ ಚಿತ್ರ ನೋಡಬೇಕು ಅನ್ನಿಸುತ್ತದೆ. ಮಸುಕಾದ ಪ್ರತಿಯಲ್ಲಿ ಅದು ತಪ್ಪಿಹೋಗಬಹುದು, ಹಾಗಾಗಿ ಪಟ್ಟಿಯಲ್ಲಿರುವ ದೊಡ್ಡ ಫೈಲನ್ನೇ ಇಳಿಸಿಕೊಳ್ಳಿ.